ನೀವು ಬರೆದದ್ದನ್ನು ನೀವೇ ನಿರ್ದೇಶಿಸಬೇಕಾ? ಹಾಗಾದರೆ ಹೀಗೆ ಶುರು ಮಾಡಿ

ಕಥೆ ಇದೆ ಅನ್ನುವವರು ಬಹಳ ಜನ ಸಿಗುತ್ತಾರೆ. ಸ್ಕ್ರಿಪ್ಟ್ ಇದೆ ಅನ್ನುವವರು ಕಡಿಮೆ. ಆ ಸ್ಕ್ರಿಪ್ಟನ್ನು ಈಗಲೇ ಕಳಿಸಿ ಅಂದರೆ ಕಳಿಸುವವರು ಇನ್ನೂ ಕಡಿಮೆ. "ಇಲ್ಲ ಮೇಡಂ, ಅದನ್ನ ಕೂತು ಹೇಳ್ಬೇಕು, ಹೇಳಿದ್ರೇನೇ ಫೀಲ್ ಬರೋದು" ಅನ್ನುತ್ತಾರೆ. ಫೀಲ್ ಬರುವುದು ನಿಮ್ಮ ಬಾಯಿಂದಲೇ ಆದರೆ, ಥಿಯೇಟರಿನಲ್ಲಿ ಪ್ರತಿ ಸೀಟಿನ ಪಕ್ಕ ನೀವು ಕೂರೋಕಾಗುತ್ತಾ?

ನಾನು ಸಿನಿಮಾದಲ್ಲಿ ಅಸಿಸ್ಟೆಂಟ್ ಡೈರೆಕ್ಟರಾಗಿ ಶುರು ಮಾಡಿದವಳು. ಆಮೇಲೆ ಬೇರೆಯವರಿಗೆ ಸ್ಕ್ರಿಪ್ಟ್ ಬರೆದೆ. ಅದಾದ ಮೇಲೆ ನಾನು ಬರೆದದ್ದನ್ನು ನಾನೇ ನಿರ್ದೇಶಿಸಲು ಶುರು ಮಾಡಿದೆ. ಇಲ್ಲಿ ಹೇಳುವುದು ಈ ಒಂದು ದಾರಿಯ ಬಗ್ಗೆ ಮಾತ್ರ. ಬೇರೆಯವರ ಸ್ಕ್ರಿಪ್ಟ್ ತೆಗೆದುಕೊಂಡು ಸೊಗಸಾಗಿ ಸಿನಿಮಾ ಮಾಡುವವರಿದ್ದಾರೆ, ಅವರ ದಾರಿ ಬೇರೆ.

ಒಂದು ಮಾತನ್ನು ಮೊದಲೇ ಹೇಳಿಬಿಡುತ್ತೇನೆ. ಬರೆಯುವವರೂ ನಿರ್ದೇಶಿಸುವವರೂ ಒಬ್ಬರೇ ಆದರೂ ಕೆಲಸ ಎರಡು. ಒಂದರ ಹೊತ್ತು ಮುಗಿದಾಗ ಇನ್ನೊಂದಕ್ಕೆ ಜಾಗ ಬಿಡಬೇಕು. ಬಿಡದೇ ಹೋದರೆ ಸೆಟ್ಟಿನಲ್ಲಿ ತನ್ನ ಡೈಲಾಗುಗಳಿಗೆ ಕಾವಲು ಕೂತ ರೈಟರ್ ಒಬ್ಬರು ಇರುತ್ತಾರೆ, ಡೈರೆಕ್ಟರ್ ಇರುವುದಿಲ್ಲ. ಯಾವಾಗ ಬಿಡಬೇಕು, ಹೇಗೆ ಬಿಡಬೇಕು ಅನ್ನೋದೇ ಈ ವೃತ್ತಿಯಲ್ಲಿ ಕಲಿಯಬೇಕಾದ ಮುಖ್ಯ ವಿಷಯ ಅಂತ ನನ್ನ ಅನಿಸಿಕೆ.

ಸ್ಕ್ರಿಪ್ಟ್ ಯಾಕೆ ಮೊದಲು

ಹೊಸಬರ ಕೈಯಲ್ಲಿ ದುಡ್ಡಿಲ್ಲ, ದೊಡ್ಡ ನಟರ ಡೇಟ್ಸ್ ಇಲ್ಲ, ಹೆಸರಿಲ್ಲ. ಇರುವುದು ಸ್ಕ್ರಿಪ್ಟ್ ಒಂದೇ. ಎದುರಿನವರಿಗೆ ಅದು ಬೇಕು ಅನಿಸಿದ ಕ್ಷಣ ಮಾತ್ರ ನಿಮ್ಮ ಮಾತಿಗೆ ಬೆಲೆ.

ಪ್ರೆಸ್ಟನ್ ಸ್ಟರ್ಜಸ್ ಇದನ್ನು ಚೆನ್ನಾಗಿ ಅರಿತಿದ್ದರು. 1930ರ ದಶಕದಲ್ಲಿ ಅವರು ಹಾಲಿವುಡ್‌ನ ಬೇಡಿಕೆಯ ಚಿತ್ರಕಥೆಗಾರ. ತಾವು ಬರೆದದ್ದನ್ನು ಬೇರೆಯವರು ನಿರ್ದೇಶಿಸುವುದನ್ನು ನೋಡಿ ನೋಡಿ ಸಾಕಾಗಿತ್ತು. ಕೊನೆಗೆ ಒಂದು ಸ್ಕ್ರಿಪ್ಟನ್ನು ಪ್ಯಾರಮೌಂಟ್ ಸ್ಟುಡಿಯೋಗೆ ಬರೀ 10 ಡಾಲರಿಗೆ ಕೊಟ್ಟರು. ಷರತ್ತು ಒಂದೇ: ನಿರ್ದೇಶನ ನನ್ನದು. ಚಿತ್ರ 1940ರಲ್ಲಿ ಬಂತು. ಆ ವರ್ಷದ ಚಿತ್ರಗಳಿಗೆ ಮೊದಲ ಸಲ ಕೊಟ್ಟ ಮೂಲ ಚಿತ್ರಕಥೆಯ ಆಸ್ಕರ್ ಅದಕ್ಕೇ ಸಿಕ್ಕಿತು. ನೀವೂ ಪುಕ್ಕಟೆ ಕೊಡಿ ಅಂತ ನಾನು ಹೇಳುತ್ತಿಲ್ಲ, ದಯವಿಟ್ಟು. ನೋಡಬೇಕಾದ್ದು ಷರತ್ತನ್ನು. ಅವರು ಅದನ್ನು ಹಾಕಿದ್ದು ಮಾರುವ ಮೊದಲು. ಮಾರಿದ ಮೇಲೆ ಕೇಳಿದ್ದರೆ ಯಾರೂ ಕಿವಿಗೆ ಹಾಕಿಕೊಳ್ಳುತ್ತಿರಲಿಲ್ಲ.

ಬಿಲ್ಲಿ ವೈಲ್ಡರ್ ಕಥೆ ಇನ್ನೂ ಮಜವಾಗಿದೆ. 1941ರ ಒಂದು ಚಿತ್ರಕ್ಕೆ ಅವರು ಮತ್ತು ಅವರ ಜೊತೆಗಾರ ಚಾರ್ಲ್ಸ್ ಬ್ರಾಕೆಟ್ ಒಂದು ಸೀನ್ ಬರೆದಿದ್ದರು. ವೀಸಾ ಸಿಗದೆ ಗಡಿ ಊರಿನ ಹೋಟೆಲಿನಲ್ಲಿ ಸಿಕ್ಕಿಕೊಂಡ ನಾಯಕ ಗೋಡೆ ಹತ್ತುವ ಜಿರಳೆಯನ್ನು ತಡೆದು, ನಿನ್ನ ವೀಸಾ ಎಲ್ಲಿ ಅಂತ ಕೇಳುವ ಸೀನ್. ನಾಯಕ ನಟ ಚಾರ್ಲ್ಸ್ ಬೊಯೆ "ಜಿರಳೆ ಜೊತೆ ನಾನು ಮಾತಾಡಲ್ಲ" ಅಂದುಬಿಟ್ಟರು. ನಿರ್ದೇಶಕರು ನಟನ ಪರ ನಿಂತರು, ಸೀನ್ ಹೋಯಿತು. ಮರುವರ್ಷ, 1942ರಲ್ಲಿ, ವೈಲ್ಡರ್ ಹಾಲಿವುಡ್‌ನಲ್ಲಿ ತಮ್ಮ ಮೊದಲ ಚಿತ್ರ ನಿರ್ದೇಶಿಸಿದರು. ಬರೆದದ್ದನ್ನು ಕಾಪಾಡಿಕೊಳ್ಳೋಕೆ ನಿರ್ದೇಶಕರಾದವರು ಇವರು. ಆದರೆ ಬೊಯೆ ಮಾಡಿದ್ದನ್ನು ನಿಮ್ಮ ಸೆಟ್ಟಿನಲ್ಲಿ ಯಾರಾದರೂ ಮಾಡೇ ಮಾಡುತ್ತಾರೆ. ಆಗ ಏನು ಮಾಡಬೇಕು ಅನ್ನೋದಕ್ಕೆ ಕೆಳಗೆ ಬರುತ್ತೇನೆ.

ಕಲಿಯೋದು ಎಲ್ಲಿ

ಫಿಲ್ಮ್ ಸ್ಕೂಲಿಗೆ ಹೋಗಲು ಆದರೆ ಹೋಗಿ. ಅಲ್ಲಿ ಸಿಗುವ ದೊಡ್ಡ ಲಾಭ ಪಾಠಕ್ಕಿಂತ ಜಾಸ್ತಿ ಗೆಳೆಯರು. ನಿಮ್ಮ ಮುಂದಿನ ಕ್ಯಾಮೆರಾಮನ್, ಎಡಿಟರ್ ಅಲ್ಲೇ ಸಿಗುತ್ತಾರೆ. ಆಗದಿದ್ದರೆ ಬೇಜಾರು ಬೇಡ.

ಅಸಿಸ್ಟೆಂಟಾಗಿ ಸೇರುವುದಾದರೆ ಕಂಟಿನ್ಯುಯಿಟಿ ಕೆಲಸ, ಅಂದರೆ ಒಂದು ಶಾಟಿನಲ್ಲಿದ್ದದ್ದು ಮುಂದಿನ ಶಾಟಿನಲ್ಲೂ ಹಾಗೇ ಇದೆಯಾ ಅಂತ ನೋಡುವ ಕೆಲಸ, ಕೇಳಿ ಪಡೆಯಿರಿ. ಯಾರಿಗೂ ಬೇಡದ ಕೆಲಸ ಅದು. ನಟಿ ಯಾವ ಪದಕ್ಕೆ ಕೂತಳು, ಲೋಟ ಯಾವ ಕೈಯಲ್ಲಿತ್ತು, ಅದರಲ್ಲಿ ಎಷ್ಟು ನೀರಿತ್ತು, ಮೇಲಿನ ಗುಂಡಿ ಹಾಕಿತ್ತಾ ಬಿಚ್ಚಿತ್ತಾ, ಮೂರನೇ ಟೇಕಿನಲ್ಲಿ ಯಾವ ಮಾತು ತಪ್ಪಿತು, ಎಲ್ಲ ಬರೆದುಕೊಳ್ಳಬೇಕು. ಬೇರೆಯವರು ಮಾನಿಟರಿನಲ್ಲಿ ಮುಖ ನೋಡುತ್ತಿದ್ದರೆ ನೀವು ಕೈ ನೋಡುತ್ತಿರುತ್ತೀರಿ. ಒಂದು ಚಿತ್ರ ಮುಗಿಯುವ ಹೊತ್ತಿಗೆ ನಟರು ಮಾತಿಗಿಂತ ಮುಂಚೆ ದೇಹದಲ್ಲಿ ಏನೆಲ್ಲ ಹೇಳಿಬಿಡುತ್ತಾರೆ ಅನ್ನೋದು ಕಣ್ಣಿಗೆ ಬೀಳತೊಡಗುತ್ತದೆ. ನನ್ನ ಡೈಲಾಗು ಚಿಕ್ಕದಾದದ್ದು ಆ ನೋಟ್‌ಬುಕ್ಕಿನಿಂದಲೇ.

ಶೂಟಿಂಗ್ ಮುಗಿದ ಮೇಲೆ ಮನೆಗೆ ಓಡಬೇಡಿ. ಎಡಿಟಿಂಗ್ ರೂಮಿನಲ್ಲಿ ಮೂಲೆಯಲ್ಲಿ ಕೂರಲು ಬಿಡುತ್ತಾರಾ ಕೇಳಿ. ಸುಮ್ನೆ ಕೂತಿರಿ, ಸಲಹೆ ಕೊಡಬೇಡಿ.

ಇಷ್ಟರ ನಡುವೆಯೇ ಬರೆಯಬೇಕು. ಜಪಾನಿನ ನಿರ್ದೇಶಕ ಅಕಿರಾ ಕುರೊಸಾವಾ 1936ರಲ್ಲಿ ಸ್ಟುಡಿಯೋ ಸೇರಿದ್ದು ಅಸಿಸ್ಟೆಂಟಾಗಿ. ಅವರ ಗುರು ಕಾಜಿರೊ ಯಮಾಮೊಟೊ, ನಿರ್ದೇಶಕನಾಗಬೇಕಾದರೆ ಮೊದಲು ಚಿತ್ರಕಥೆ ಬರೆಯೋದು ಕಲಿ ಅಂತ ಒತ್ತಾಯಿಸಿದವರು. ದಿನವಿಡೀ ಸೆಟ್ಟಿನಲ್ಲಿ ಓಡಾಡಿ ಉಳಿದ ಹೊತ್ತಿನಲ್ಲಿ ಕುರೊಸಾವಾ ಬರೆದರು. 1943ರಲ್ಲಿ ಮೊದಲ ಚಿತ್ರ ನಿರ್ದೇಶಿಸುವ ಹೊತ್ತಿಗೆ ಬರೆದು ಪಳಗಿದ್ದರು. "ಈ ಸಿನಿಮಾ ಮುಗೀಲಿ, ಆಮೇಲೆ ಬರೀತೀನಿ" ಅನ್ನುವ ಅಸಿಸ್ಟೆಂಟುಗಳನ್ನು ನಾನು ತುಂಬ ನೋಡಿದ್ದೇನೆ. ಆ ಆಮೇಲೆ ಬರುವ ಹೊತ್ತಿಗೆ ಅವರು ಒಂದು ಮೆಟ್ಟಿಲು ಮೇಲೆ ಹೋಗಿ ಅಸೋಸಿಯೇಟ್ ಆಗಿರುತ್ತಾರೆ, ಬರೆಯೋಕೆ ಇನ್ನೂ ಪುರುಸೊತ್ತಿರುವುದಿಲ್ಲ.

ಒಂದು ಸೀನ್ ಹಿಡಿದುಕೊಂಡು ಹೋಗೋಣ

ಎಲ್ಲದರ ಬಗ್ಗೆಯೂ ಮೇಲೆ ಮೇಲೆ ಹೇಳುವುದಕ್ಕಿಂತ ಒಂದೇ ಸೀನನ್ನು ಕಾಗದದಿಂದ ಎಡಿಟ್‌ವರೆಗೆ ಕರೆದುಕೊಂಡು ಹೋಗುತ್ತೇನೆ. ನಾನು ವರ್ಕ್‌ಶಾಪುಗಳಲ್ಲಿ ಬಳಸುವ ಸೀನ್ ಇದು.

ವಿಷಯ ಇಷ್ಟು. ವಾಚ್ ರಿಪೇರಿ ಮಾಡುವ ಒಬ್ಬ. ಯಾರೋ ರಿಪೇರಿಗೆ ಕೊಟ್ಟು ಎಷ್ಟೋ ಕಾಲ ವಾಪಸ್ ಬರಲೇ ಇಲ್ಲ. ಆ ವಾಚನ್ನು ಈಗ ಅವನೇ ಕಟ್ಟಿಕೊಂಡಿದ್ದಾನೆ. ಒಂದು ಸಂಜೆ ಕೊಟ್ಟವನ ಹೆಂಡತಿ ಚೀಟಿ ಹಿಡಿದುಕೊಂಡು ಬರುತ್ತಾಳೆ.

ಇದನ್ನು ಬರೆಯಿರಿ ಅಂದರೆ ಮೊದಲ ಸಲ ಎಲ್ಲರೂ ಹೆಚ್ಚು ಕಡಿಮೆ ಹೀಗೆ ಬರೆಯುತ್ತಾರೆ:

ಹೆಂಗಸು: ನಮ್ಮೆಜಮಾನ್ರು ಇಲ್ಲಿ ಒಂದು ವಾಚ್ ಕೊಟ್ಟಿದ್ರು. ಅವರು ಹೋಗಿ ಆರು ತಿಂಗಳಾಯ್ತು. ಆ ವಾಚ್ ಅವರ ತಂದೆದು. ಅದೊಂದೇ ನನಗೆ ನೆನಪಿಗೆ ಉಳಿದಿರೋದು.
ರಿಪೇರಿಯವನು: ಅಯ್ಯೋ ಅಮ್ಮಾ, ತುಂಬ ಕಾಲ ಕಾದೆ. ಯಾರೂ ಬರ್ಲಿಲ್ಲ. ಹಾಗಾಗಿ ನಾನೇ ಕಟ್ಕೊಂಡೆ. ನನ್ನ ಮೇಲೆ ನನಗೇ ನಾಚಿಕೆ ಆಗ್ತಿದೆ.

ಕೇಳೋಕೆ ಪರವಾಗಿಲ್ಲ. ಆದರೆ ಇಲ್ಲಿ ನಟರಿಗೆ ಮಾಡಲು ಏನಿದೆ? ನಿಂತು ಹೇಳುವುದು. ನಿರ್ದೇಶಕರಿಗೆ ಏನಿದೆ? ಹೇಳುವವರ ಮುಖ ಒಂದು, ಕೇಳುವವರ ಮುಖ ಒಂದು. ರೇಡಿಯೋಗೆ ಸಾಕು. ಈಗ ಇನ್ನೊಂದು:

ಇಂಟೀರಿಯರ್. ವಾಚ್ ರಿಪೇರಿ ಅಂಗಡಿ. ಸಂಜೆ.

ಹೆಂಗಸು ಮಡಿಚಿದ ಚೀಟಿಯೊಂದನ್ನು ಗಾಜಿನ ಮೇಲೆ ಇಡುತ್ತಾಳೆ. ರಿಪೇರಿಯವನು ಬಿಡಿಸಿ ಓದುತ್ತಾನೆ. ಅವನ ಎಡಗೈ ಮೇಜಿನ ಕೆಳಗೆ ಇಳಿಯುತ್ತದೆ.

ರಿಪೇರಿಯವನು: ತುಂಬ ಹಳೇದು ಇದು.
ಹೆಂಗಸು: ಹೂಂ.

ಅವನು ಡ್ರಾಯರ್ ಎಳೆಯುತ್ತಾನೆ. ಬಲಗೈ ಒಂದರಲ್ಲೇ ಹುಡುಕುತ್ತಾನೆ. ಇನ್ನೊಂದು ಡ್ರಾಯರ್. ಮತ್ತೆ ಮೊದಲಿನದು.

ಹೆಂಗಸು: ಸಿಗ್ದಿದ್ರೆ ಬಿಡಿ. ಅವರೇ ಇಲ್ಲ ಈಗ.

ಅವನ ಕೈ ಡ್ರಾಯರಿನಲ್ಲೇ ನಿಲ್ಲುತ್ತದೆ.

ಇಲ್ಲಿ ಇಡೀ ಸೀನ್ ನಿಂತಿರುವುದು ಒಂದು ಸಣ್ಣ ಸಂಗತಿಯ ಮೇಲೆ: ಒಂದೇ ಕೈಯಲ್ಲಿ ಹುಡುಕುವುದು. ಸಿಗುವುದಿಲ್ಲ ಅಂತ ಗೊತ್ತಿದ್ದೂ ಹುಡುಕುತ್ತಿದ್ದಾನೆ. ನಾಚಿಕೆ ಅನ್ನುವ ಪದವೇ ಬೇಕಾಗಲಿಲ್ಲ. ಕೈ ಯಾಕೆ ಕೆಳಗಿದೆ ಅಂತ ನೋಡುವವರು ತಾವೇ ಕೂಡಿಸಿಕೊಳ್ಳುತ್ತಾರೆ.

ಸ್ಕ್ರಿಪ್ಟಿನಲ್ಲಿ ಕ್ಯಾಮೆರಾಗೆ ಕಾಣುವುದು, ಮೈಕಿಗೆ ಕೇಳುವುದು ಮಾತ್ರ ಇರಲಿ. "ಅವನಿಗೆ ಹಳೆಯದೆಲ್ಲ ನೆನಪಾಗಿ ಮನಸ್ಸು ಭಾರವಾಯಿತು" ಅಂತ ಬರೆದರೆ ಶೂಟಿಂಗ್ ದಿನ ಆ ಸಾಲನ್ನು ಇಟ್ಟುಕೊಂಡು ಏನು ಮಾಡುತ್ತೀರಿ? ಹಾಗೆಯೇ "ಕ್ಯಾಮೆರಾ ನಿಧಾನವಾಗಿ ಮುಂದೆ ಸಾಗಿ ಕಣ್ಣಿನ ಮೇಲೆ ನಿಲ್ಲುತ್ತದೆ" ಅಂತಲೂ ಬೇಡ. ನೀವೇ ನಿರ್ದೇಶಿಸುವುದಾದರೂ ಬೇಡ. ಆ ಕೆಲಸದ ಹೊತ್ತು ಇನ್ನೂ ಬಂದಿಲ್ಲ.

ಅಳತೆಯ ಬಗ್ಗೆ ಒಂದು ಮಾತು. ಇಂಗ್ಲಿಷ್ ಸ್ಕ್ರಿಪ್ಟುಗಳನ್ನು 12 ಪಾಯಿಂಟಿನ ಕೊರಿಯರ್ ಅನ್ನುವ ಫಾಂಟಿನಲ್ಲಿ ಬರೆಯುತ್ತಾರೆ. ಒಂದು ಪುಟಕ್ಕೆ ಪರದೆಯ ಮೇಲೆ ಸುಮಾರು ಒಂದು ನಿಮಿಷ ಅನ್ನುವುದು ಅಲ್ಲಿಯ ರೂಢಿ ಲೆಕ್ಕ. ಶೆಡ್ಯೂಲ್ ಹಾಕುವವರು ಪುಟವನ್ನು ಎಂಟು ಭಾಗ ಮಾಡಿಕೊಂಡು, ಈ ಸೀನ್ ಪುಟದ 3/8, ಆ ಸೀನ್ 1 2/8 ಅಂತ ಎಣಿಸುತ್ತಾರೆ. ಕನ್ನಡದಲ್ಲಿ ಬರೆದರೆ ಈ ಲೆಕ್ಕ ಹೊಂದುವುದಿಲ್ಲ. ಅಕ್ಷರದ ಗಾತ್ರ ಬೇರೆ, ಸಾಲಿನ ಉದ್ದ ಬೇರೆ. ಅದಕ್ಕೆ ನಾನು ಮಾಡುವುದು ಹೀಗೆ: ಫೋನಿನಲ್ಲಿ ಸ್ಟಾಪ್‌ವಾಚ್ ಹಾಕಿ, ಸೀನನ್ನು ಗಟ್ಟಿಯಾಗಿ ಓದಿ, ಕ್ರಿಯೆ ಬಂದ ಕಡೆ ಎದ್ದು ಅದನ್ನು ಮಾಡಿ ನೋಡುವುದು. ಮೇಲಿನ ಸೀನ್ ಕಾಗದದಲ್ಲಿ ಅರ್ಧ ಪುಟವೂ ಇಲ್ಲ. ಡ್ರಾಯರ್ ನಿಜವಾಗಿ ಎಳೆದು ಹುಡುಕಿದರೆ ಒಂದೂವರೆ ನಿಮಿಷ ದಾಟುತ್ತದೆ. ಮನೆಯವರಿಗೆ ಹುಚ್ಚು ಅನಿಸಬಹುದು, ಪರವಾಗಿಲ್ಲ.

ಈಗ ದೊಡ್ಡ ಪ್ರಶ್ನೆ. ವಾಚ್ ಅವನ ಕೈಯಲ್ಲೇ ಇದೆ ಅನ್ನೋದು ಪ್ರೇಕ್ಷಕರಿಗೆ ಯಾವಾಗ ಗೊತ್ತಾಗಬೇಕು?

ಹಿಚ್‌ಕಾಕ್ ಹೇಳುತ್ತಿದ್ದ ಬಾಂಬಿನ ಉದಾಹರಣೆ ನಿಮಗೆ ಗೊತ್ತಿರಬಹುದು. ಮೇಜಿನ ಕೆಳಗೆ ಬಾಂಬ್ ಇದೆ ಅಂತ ತಿಳಿಸದೆ ಸಿಡಿಸಿದರೆ ಒಂದು ಕ್ಷಣ ಬೆಚ್ಚಿಬೀಳುತ್ತೇವೆ. ಮೊದಲೇ ತೋರಿಸಿ ಆಮೇಲೆ ಮೇಜಿನ ಸುತ್ತ ಕೂತವರನ್ನು ಮಾತಾಡಲು ಬಿಟ್ಟರೆ ಅಷ್ಟೂ ಹೊತ್ತು ಉಸಿರು ಹಿಡಿದು ಕೂರುತ್ತೇವೆ. ನಮ್ಮ ಸೀನಿಗೂ ಅದೇ. ಹೆಂಗಸು ಬರುವ ಮೊದಲೇ ವಾಚ್ ತೋರಿಸಿದರೆ ಹುಡುಕಾಟದ ಪ್ರತಿ ಕ್ಷಣವೂ ಇರಿಸುಮುರಿಸು. ಕೊನೆಗೆ ತೋರಿಸಿದರೆ ಒಂದು ತಿರುವು, ಅಷ್ಟೇ. ತೋರಿಸದೇ ಇರುವುದೂ ಒಂದು ಆಯ್ಕೆ. ಆಗ ಕೈ ಯಾಕೆ ಕೆಳಗಿತ್ತು ಅಂತ ಕೆಲವರಿಗಷ್ಟೇ ಹೊಳೆಯುತ್ತದೆ.

ನಾನಾದರೆ ಮೊದಲೇ ತೋರಿಸುತ್ತೇನೆ, ಆದರೆ ಒತ್ತಿ ಅಲ್ಲ. ಎರಡು ಸೀನ್ ಹಿಂದೆ, ಬೇರೆ ಗಿರಾಕಿ ಜೊತೆ ಮಾತಾಡುತ್ತ ಅವನು ತನ್ನ ಕೈಯ ವಾಚಿಗೆ ಕೀ ಕೊಡುತ್ತಿರುತ್ತಾನೆ. ಅಷ್ಟೇ. ಈ ಆಯ್ಕೆ ಬರವಣಿಗೆಯದ್ದಾ ನಿರ್ದೇಶನದ್ದಾ? ಎರಡೂ. ಒಬ್ಬರೇ ಎರಡೂ ಕೆಲಸ ಮಾಡುವುದರ ಲಾಭ ಇರುವುದು ಇಂಥ ಕಡೆ.

ಕೈಬದಲಾಗುವ ಮೊದಲು ಕಾಗದ

ಸ್ಕ್ರಿಪ್ಟ್ ಮುಗಿದ ಮೇಲೆ ಒಂದು ಒನ್‌ಲೈನ್, ಒಂದು ಪುಟದ ಸಾರಾಂಶ, ಬೌಂಡ್ ಸ್ಕ್ರಿಪ್ಟ್ (ಪೂರ್ತಿ ಬರೆದು ಬೈಂಡ್ ಮಾಡಿಸಿದ್ದು), ಮೂರೂ ರೆಡಿ ಇರಲಿ. ನರೇಷನ್‌ಗೆ, ಅಂದರೆ ಕೂತು ಕಥೆ ಹೇಳಲು, ಕರೆದರೆ ಇಡೀ ಸಿನಿಮಾವನ್ನು ಹಿನ್ನೆಲೆ ಸಂಗೀತದ ಸಮೇತ ಹೇಳಲು ಹೋಗಬೇಡಿ. ಇಪ್ಪತ್ತು ನಿಮಿಷದಲ್ಲಿ ಮುಖ್ಯ ಪಾತ್ರಕ್ಕೆ ಏನು ಬೇಕು, ಯಾವುದು ಅಡ್ಡ ಬರುತ್ತದೆ, ಕೊನೆಗೆ ಏನಾಗುತ್ತದೆ ಹೇಳಿ. ನಡುವೆ ಒಂದೇ ಒಂದು ಸೀನನ್ನು ಪೂರ್ತಿ ವಿವರವಾಗಿ ಹೇಳಿ. ಕ್ಲೈಮ್ಯಾಕ್ಸ್ ಮುಚ್ಚಿಡುವವರಿದ್ದಾರೆ, ಅದು ನನಗೆ ಅರ್ಥವೇ ಆಗುವುದಿಲ್ಲ. ದುಡ್ಡು ಹಾಕುವವರಿಗೆ ಅಂತ್ಯ ಗೊತ್ತಾಗಬಾರದಾ?

ಬರೀ ಐಡಿಯಾಗೆ ಕಾಪಿರೈಟ್ ಇರುವುದಿಲ್ಲ. ಬರೆದಿಟ್ಟ ರೂಪಕ್ಕೆ ಮಾತ್ರ ರಕ್ಷಣೆ. ಆದ್ದರಿಂದ ಹೇಳುವ ಮೊದಲು ಬರೆದಿರಬೇಕು, ಬರೆದದ್ದಕ್ಕೆ ತಾರೀಕು ಇರಬೇಕು. ಬರಹಗಾರರ ಸಂಘದಲ್ಲಿ ನೋಂದಾಯಿಸಿ. ಮೀಟಿಂಗ್ ಮುಗಿದ ದಿನವೇ "ಇಂದು ಇಂಥ ಕಥೆಯ ಬಗ್ಗೆ ಮಾತಾಡಿದೆವು, ಸ್ಕ್ರಿಪ್ಟ್ ಲಗತ್ತಿಸಿದ್ದೇನೆ" ಅಂತ ಒಂದು ಮೇಲ್ ಹಾಕಿ. ಮರ್ಯಾದೆಯೂ ಆಯಿತು, ದಾಖಲೆಯೂ ಆಯಿತು.

ನಾನು ಬೇರೆಯವರಿಗೆ ಬರೆದ ಮೊದಲ ಚಿತ್ರದ ಪೋಸ್ಟರಿನಲ್ಲಿ ಚಿತ್ರಕಥೆಯ ಜಾಗದಲ್ಲಿ ಇನ್ಯಾರದ್ದೋ ಹೆಸರಿತ್ತು. ಕೇಳಿದರೆ "ಪ್ರಿಂಟಾಗಿ ಹೋಗಿದೆ, ಟೈಟಲ್ ಕಾರ್ಡಲ್ಲಿ ನೋಡೋಣ" ಅಂದರು. ಟೈಟಲ್ ಕಾರ್ಡಿನಲ್ಲಿ "ಕಥಾ ಸಹಕಾರ" ಅಂತ ಬಂತು. ಪೂರ್ತಿ ಬರೆದವಳು ನಾನು. ಅದಾದ ಮೇಲೆ ಹೆಸರು ಎಲ್ಲೆಲ್ಲಿ, ಯಾವ ಪದಗಳಲ್ಲಿ ಬರಬೇಕು ಅನ್ನುವುದು ಒಪ್ಪಂದದಲ್ಲಿ ಬರದೆ ನಾನು ಪೆನ್ನು ಮುಟ್ಟುವುದಿಲ್ಲ. ಪೋಸ್ಟರ್, ಟ್ರೇಲರ್, ಟೈಟಲ್ ಕಾರ್ಡ್, ಮೂರನ್ನೂ ಬೇರೆ ಬೇರೆ ಬರೆಸಿಕೊಳ್ಳಿ. ದುಡ್ಡು ಹಂತ ಹಂತವಾಗಿ ಬರಲಿ: ಸಹಿಗೆ ಇಷ್ಟು, ಮೊದಲ ಡ್ರಾಫ್ಟಿಗೆ ಇಷ್ಟು, ಕೊನೆಯ ಡ್ರಾಫ್ಟಿಗೆ ಇಷ್ಟು. ಎಷ್ಟು ಸಲ ತಿದ್ದಿಕೊಡುತ್ತೀರಿ ಅನ್ನುವುದೂ ಇರಲಿ, ಇಲ್ಲದಿದ್ದರೆ ತಿದ್ದುವುದು ಮುಗಿಯುವುದೇ ಇಲ್ಲ. ಇಂತಿಷ್ಟು ಕಾಲದಲ್ಲಿ ಚಿತ್ರ ಶುರುವಾಗದಿದ್ದರೆ ಸ್ಕ್ರಿಪ್ಟ್ ನಿಮಗೆ ವಾಪಸ್ ಬರಬೇಕು ಅನ್ನುವ ಸಾಲು ಬಿಡಲೇಬೇಡಿ. ನಿರ್ದೇಶನ ನಿಮ್ಮದು ಅನ್ನುವುದು ಬಾಯಿ ಮಾತಿನಲ್ಲಿ ಇದ್ದರೆ ಅದು ಇಲ್ಲದ ಹಾಗೆ. ವಕೀಲರಿಗೆ ಒಮ್ಮೆ ತೋರಿಸಿ.

"ನಿರ್ದೇಶನ ಮಾಡಿದ ಅನುಭವ ಇದೆಯಾ?" ಅಂತ ಕೇಳುವವರಿಗೆ ಕಿರುಚಿತ್ರ ಒಳ್ಳೆಯ ಉತ್ತರ. ಅಮೆರಿಕದ ನಿರ್ದೇಶಕ ಡೇಮಿಯನ್ ಶಜೆಲ್ ತಮ್ಮ ಸ್ಕ್ರಿಪ್ಟಿನ ಒಂದು ಭಾಗವನ್ನೇ ಕಿರುಚಿತ್ರ ಮಾಡಿದರು. ಅದು 2013ರ ಸನ್‌ಡಾನ್ಸ್ ಚಿತ್ರೋತ್ಸವದಲ್ಲಿ ಪ್ರಶಸ್ತಿ ಪಡೆಯಿತು. ಮರುವರ್ಷ ಅದೇ ಉತ್ಸವದಲ್ಲಿ ಪೂರ್ಣ ಚಿತ್ರ ಬಂತು. ದೊಡ್ಡ ಕಥೆಯನ್ನು ಹತ್ತು ನಿಮಿಷಕ್ಕೆ ಹಿಂಡುವ ಬದಲು ಅದರೊಳಗಿನ ಒಂದು ಸೀನನ್ನು ಪೂರ್ತಿ ಮಾಡಿ ತೋರಿಸಿ. ನಮ್ಮ ವಾಚ್ ಅಂಗಡಿ ಸೀನ್‌ಗೆ ಇಬ್ಬರು ನಟರು, ಒಂದು ಜಾಗ ಸಾಕು.

ನಿರ್ದೇಶಕರ ಪ್ರತಿ

ಶೂಟಿಂಗ್ ಹತ್ತಿರ ಬಂದಾಗ ನಾನು ಸ್ಕ್ರಿಪ್ಟಿನ ಹೊಸ ಪ್ರತಿಯೊಂದನ್ನು ಒಂದೇ ಬದಿಗೆ ಪ್ರಿಂಟ್ ಹಾಕಿಸುತ್ತೇನೆ. ಎದುರು ಪುಟ ಖಾಲಿ. ಇಲ್ಲಿಂದ ಮುಂದೆ ಇದನ್ನು ಬೇರೆ ಯಾರೋ ಬರೆದದ್ದು ಅಂತಲೇ ಓದುತ್ತೇನೆ. ಬರೆಯುವಾಗ ಏನು ಅಂದುಕೊಂಡಿದ್ದೆ ಅನ್ನುವುದು ಇಲ್ಲಿ ಲೆಕ್ಕಕ್ಕಿಲ್ಲ, ಕಾಗದದಲ್ಲಿ ಇರುವುದಷ್ಟೇ ಲೆಕ್ಕ. ಅರ್ಥವಾಗದ ಕಡೆ "ಇದೇನು?" ಅಂತ ಬರೆಯುತ್ತೇನೆ. ನಂಬಿ, ನಾವೇ ಬರೆದದ್ದರಲ್ಲಿ ಬೇಕಾದಷ್ಟು ಸಿಗುತ್ತವೆ.

ಖಾಲಿ ಪುಟದಲ್ಲಿ ಪ್ರತಿ ಸೀನಿಗೂ ನಾನು ಬರೆದುಕೊಳ್ಳುವುದು: ಯಾರಿಗೆ ಏನು ಬೇಕು, ಸೀನ್ ಎಲ್ಲಿ ತಿರುಗುತ್ತದೆ, ಇದು ಯಾರ ಸೀನ್. ವಾಚ್ ಅಂಗಡಿಯಲ್ಲಿ ಅವನಿಗೆ ಬೇಕಾದ್ದು ಅವಳು ಬೇಗ ಹೊರಟುಹೋಗುವುದು. ಅವಳಿಗೆ ಬೇಕಾದ್ದು? ವಾಚ್ ಅಂತ ಥಟ್ಟನೆ ಅನಿಸುತ್ತದೆ. ಆದರೆ "ಸಿಗ್ದಿದ್ರೆ ಬಿಡಿ" ಅನ್ನುವವಳಿಗೆ ವಾಚೇ ಬೇಕಾಗಿರಲಿಕ್ಕಿಲ್ಲ. ಗಂಡನ ಗುರುತಿದ್ದ ಒಬ್ಬರ ಹತ್ತಿರ ಅವರು ಹೋದರು ಅಂತ ಹೇಳಬೇಕಿತ್ತೇನೋ. ಬರೆಯುವಾಗ ಇದು ನನಗೆ ಗೊತ್ತಿರಲಿಲ್ಲ. ಎದುರು ಪುಟ ತುಂಬಿಸುವಾಗ ಕಂಡದ್ದು. ಇದು ಕಂಡ ಮೇಲೆ ಆ ನಟಿಗೆ ಹೇಳುವ ಮಾತೇ ಬದಲಾಗುತ್ತದೆ.

ಆಮೇಲೆ ಶಾಟ್ ಡಿವಿಷನ್, ಅಂದರೆ ಸೀನನ್ನು ಶಾಟುಗಳಾಗಿ ಒಡೆಯುವುದು. ಇಬ್ಬರೂ ಕಾಣುವ ಮಾಸ್ಟರ್ ಒಂದು. ಗಾಜಿನ ಮೇಲೆ ಚೀಟಿ. ಅವನ ಕಡೆಯದೊಂದು, ಡ್ರಾಯರಿನಲ್ಲಿ ಹುಡುಕುವ ಬಲಗೈ ಕಾಣುವಷ್ಟು ಅಗಲಕ್ಕೆ. ಅವಳ ಕ್ಲೋಸಪ್. ಮೇಜಿನ ಕೆಳಗಿನ ಎಡಗೈ ಬೇಕಾ? ಕ್ಯಾಮೆರಾಮನ್ ಖಂಡಿತ ಕೇಳುತ್ತಾರೆ, ಚೆನ್ನಾಗಿ ಕಾಣುವ ಶಾಟ್ ಅದು. ನಾನು ತೆಗೆಯುವುದಿಲ್ಲ. ತೆಗೆದಿಟ್ಟರೆ ಎಡಿಟಿನಲ್ಲಿ ಭಯಕ್ಕೆ ಬಿದ್ದು ಬಳಸಿಬಿಡುತ್ತೇನೆ ಅಂತ ನನಗೆ ಗೊತ್ತು.

ಇಬ್ಬರ ನಡುವೆ ಒಂದು ಗೆರೆ ಎಳೆದುಕೊಂಡು ಕ್ಯಾಮೆರಾವನ್ನು ಅದರ ಒಂದೇ ಬದಿಯ 180 ಡಿಗ್ರಿಯೊಳಗೆ ಇಡುವ ನಿಯಮ ಯಾವ ಪುಸ್ತಕ ತೆರೆದರೂ ಸಿಗುತ್ತದೆ. ಕಲಿತುಕೊಳ್ಳಿ. ಗೆರೆ ದಾಟಿದರೆ ಇಬ್ಬರೂ ಒಂದೇ ಕಡೆ ನೋಡುತ್ತಿರುವ ಹಾಗೆ ಕಂಡು ಪ್ರೇಕ್ಷಕರಿಗೆ ಗೊಂದಲವಾಗುತ್ತದೆ. ಲೆನ್ಸ್, ಕ್ಯಾಮೆರಾ ಮಾಡೆಲ್ ಅಂತ ತಲೆ ಕೆಡಿಸಿಕೊಳ್ಳಬೇಡಿ, ಅದನ್ನು ಬಲ್ಲವರು ಪಕ್ಕದಲ್ಲೇ ಇರುತ್ತಾರೆ.

ರಿಹರ್ಸಲ್‌ಗೆ ಮಾತ್ರ ಜಿಪುಣತನ ಬೇಡ. ಕ್ರಿಸ್ಟೋಫರ್ ನೋಲನ್ ತಮ್ಮ ಮೊದಲ ಚಿತ್ರವನ್ನು ಗೆಳೆಯರನ್ನು ಸೇರಿಸಿಕೊಂಡು ಸುಮಾರು ಒಂದು ವರ್ಷ ವಾರದ ಕೊನೆಯಲ್ಲಿ ಶೂಟ್ ಮಾಡಿದರು. ಆಗ ಫಿಲ್ಮ್ ರೀಲು ದುಬಾರಿ. ಅದಕ್ಕೆ ನಾಟಕದ ಹಾಗೆ ಮೊದಲೇ ಚೆನ್ನಾಗಿ ಅಭ್ಯಾಸ ಮಾಡಿಸಿ, ಒಂದೆರಡು ಟೇಕಿನಲ್ಲಿ ಮುಗಿಸುತ್ತಿದ್ದರು. ಈಗ ರೀಲಿನ ಖರ್ಚಿಲ್ಲ ಅಂತ ಕ್ಯಾಮೆರಾ ಮುಂದೆಯೇ ರಿಹರ್ಸಲ್ ಮಾಡುತ್ತೇವೆ. ಹೊತ್ತಿಗೂ ಖರ್ಚಿದೆ ಅನ್ನೋದು ಮರೆತುಹೋಗುತ್ತದೆ.

ಸೆಟ್ಟಿನಲ್ಲಿ

ನಟರಿಗೆ "ಇನ್ನೂ ಸ್ವಲ್ಪ ದುಃಖ ಬೇಕು" ಅನ್ನಬೇಡಿ. ದುಃಖ ಕೊಡು ಅಂದರೆ ಹುಬ್ಬು ಗಂಟಿಕ್ಕಿ ಕೊಡುತ್ತಾರೆ. ಮಾಡುವಂಥದ್ದು ಏನಾದರೂ ಹೇಳಿ. "ಅವಳು ಬೇಜಾರಾಗಿ ಹೊರಟುಹೋಗುವ ತನಕ ಹುಡುಕ್ತಾನೇ ಇರಿ." ಅಷ್ಟು ಸಾಕು. ಮಾತನ್ನು ನೀವೇ ಹೇಳಿ ತೋರಿಸುವುದು ಬೇಡ. ಬರೆದವರಿಗೆ ಈ ಚಟ ಜಾಸ್ತಿ, ಯಾಕೆಂದರೆ ಆ ಮಾತು ನಮ್ಮ ಕಿವಿಯಲ್ಲಿ ಒಂದು ರಾಗದಲ್ಲಿ ಕೂತುಬಿಟ್ಟಿರುತ್ತದೆ. ಹೇಳಿ ತೋರಿಸಿದರೆ ನಟರು ಆ ರಾಗವನ್ನೇ ನಕಲು ಮಾಡುತ್ತಾರೆ, ಕೆಲಸ ಕೆಡುತ್ತದೆ.

ಈಗ ಆ ಜಿರಳೆ ವಿಷಯ. ನಟ ಬಂದು "ಮೇಡಂ, ಈ 'ತುಂಬ ಹಳೇದು ಇದು' ಅನ್ನೋ ಮಾತು ಬಾಯಿಗೆ ಬರ್ತಿಲ್ಲ" ಅನ್ನುತ್ತಾನೆ. ಒಳಗಿನ ರೈಟರ್‌ಗೆ ಉರಿಯುತ್ತದೆ. ಆಗ ಕೇಳಿಕೊಳ್ಳಬೇಕಾದ್ದು ಒಂದೇ: ಈ ಮಾತು ತೆಗೆದರೆ ಸೀನ್ ಬೀಳುತ್ತಾ? ಇಲ್ಲಿ ಬೀಳುವುದಿಲ್ಲ. ಚೀಟಿ ಎಷ್ಟು ಹಳೆಯದು ಅನ್ನೋದು ಅದರ ಮಡಿಕೆಯಲ್ಲೇ ಕಾಣುತ್ತದೆ. ತೆಗೆಯಿರಿ. ಅದೇ ನಟ "ಎರಡೂ ಕೈಯಲ್ಲಿ ಹುಡುಕ್ತೀನಿ, ಒಂದೇ ಕೈ ಆಕ್ವರ್ಡ್ ಅನ್ಸುತ್ತೆ" ಅಂದರೆ ಜಗ್ಗಬೇಡಿ. ಆಕ್ವರ್ಡ್ ಅನಿಸುವುದೇ ಸೀನ್. ಯಾವುದನ್ನು ಬಿಡಬಹುದು, ಯಾವುದನ್ನು ಬಿಡಬಾರದು ಅನ್ನುವುದು ಎದುರು ಪುಟದಲ್ಲಿ ಮೊದಲೇ ಬರೆದಿಟ್ಟಿದ್ದರೆ ಎಲ್ಲರೂ ಕಾಯುತ್ತಿರುವ ಗಲಾಟೆಯಲ್ಲಿ ಉತ್ತರ ಹೇಳೋದು ಸುಲಭ.

ಬೆಳಕು ಹೋಗುತ್ತದೆ, ಜಾಗದವರು ಬೀಗ ಹಾಕಲು ಬಂದು ನಿಲ್ಲುತ್ತಾರೆ, ಮಳೆ ಬರುತ್ತದೆ. ಆದ್ದರಿಂದ ಶಾಟುಗಳನ್ನು ಬೆಳಗ್ಗೆಯೇ ಎರಡು ಗುಂಪು ಮಾಡಿ: ಇದಿಲ್ಲದೆ ಸೀನೇ ಇಲ್ಲ, ಇದ್ದರೆ ಒಳ್ಳೆಯದು. ಮೊದಲ ಗುಂಪು ಮೊದಲು ತೆಗೆಯಿರಿ. ಜಾಗ ಬಿಡುವ ಮೊದಲು ಎಲ್ಲರನ್ನೂ ಸುಮ್ಮನಿರಿಸಿ ಅರ್ಧ ನಿಮಿಷ ಬರೀ ಆ ಜಾಗದ ಸದ್ದು ರೆಕಾರ್ಡ್ ಮಾಡಿಸಿ. ಅಂಗಡಿ ತುಂಬ ಗಡಿಯಾರ ಇರುವ ನಮ್ಮ ಸೀನಿಗಂತೂ ಬೇಕೇ ಬೇಕು. ಮಾತು ರೆಕಾರ್ಡ್ ಆಗುವಾಗ ಅಷ್ಟೂ ಗಡಿಯಾರ ನಿಲ್ಲಿಸಿರುತ್ತೀರಿ, ಟಿಕ್ ಟಿಕ್ ಬೇರೆಯಾಗಿ ಹಿಡಿದುಕೊಂಡು ಆಮೇಲೆ ಸೇರಿಸಬೇಕು. ಇಲ್ಲದಿದ್ದರೆ ಪ್ರತಿ ಕಟ್ಟಿಗೂ ಟಿಕ್ ಟಿಕ್ ಎಗರುತ್ತದೆ.

ಎಡಿಟಿಂಗ್ ಟೇಬಲ್ಲಿನಲ್ಲಿ

ಮೊದಲ ರಫ್ ಕಟ್ (ಶಾಟುಗಳ ಮೊದಲ ಒರಟು ಜೋಡಣೆ) ನೋಡಿದ ದಿನ ಯಾವ ತೀರ್ಮಾನವೂ ಬೇಡ. ಎಲ್ಲರ ರಫ್ ಕಟ್ಟೂ ಉದ್ದ ಇರುತ್ತದೆ, ಎಲ್ಲರದ್ದೂ ಗಾಬರಿ ಹುಟ್ಟಿಸುತ್ತದೆ. ಎಡಿಟರ್ ಕೈಗೆ ಸ್ಕ್ರಿಪ್ಟ್ ಕೊಟ್ಟು "ಹೀಗೇ ಜೋಡಿಸಿ" ಅನ್ನುವವರಿದ್ದಾರೆ. ನಾನು ಮೊದಲ ಸುತ್ತು ಆದ ಮೇಲೆ ಸ್ಕ್ರಿಪ್ಟನ್ನು ಆ ರೂಮಿಗೆ ತರುವುದೇ ಇಲ್ಲ.

ನಮ್ಮ ಸೀನಿನಲ್ಲಿ ಎಡಿಟರ್ ಏನು ಮಾಡುತ್ತಾರೆ ನೋಡಿ. ಹೆಂಗಸು ಅಂಗಡಿಗೆ ಹತ್ತಿ ಬರುವುದನ್ನು ಮಾಸ್ಟರಿನಲ್ಲಿ ತೆಗೆದಿದ್ದೆವು. ಅದು ಹೋಗುತ್ತದೆ. ಗಾಜಿನ ಮೇಲೆ ಚೀಟಿ ಇಡುವ ಶಾಟಿನಿಂದಲೇ ಸೀನ್ ಶುರು. ಆಮೇಲೆ "ಹೂಂ" ಹೋಗುತ್ತದೆ. ಅದು ಉತ್ತರ ಕೊಡುತ್ತಿದ್ದ ಮಾತನ್ನು ಸೆಟ್ಟಿನಲ್ಲೇ ತೆಗೆದಾಗಿತ್ತು. ಎರಡನೇ ಸಲ ಮೊದಲಿನ ಡ್ರಾಯರ್ ಎಳೆಯುವಾಗ ಅವನ ಮುಖದ ಬದಲು ಅವಳ ಮುಖ. ಅವಳಿಗೆ ಗೊತ್ತಾಯಿತಾ? ಬರೆದಾಗ ಈ ಪ್ರಶ್ನೆ ಇರಲೇ ಇಲ್ಲ. ಎರಡು ಶಾಟು ಅಕ್ಕಪಕ್ಕ ಬಂದಾಗ ಹುಟ್ಟಿಕೊಂಡದ್ದು. ಹೀಗೆ ಹುಟ್ಟಿದ್ದನ್ನು "ನಾನು ಹೀಗೆ ಬರೆದಿರಲಿಲ್ಲ" ಅಂತ ತೆಗೆಸಿಹಾಕುವವರನ್ನು ಕಂಡರೆ ನನಗೆ ಕೋಪ ಬರುತ್ತದೆ. ನಾವೇ ಬರೆದದ್ದಲ್ವಾ, ನಾವೇ ಬದಲಾಯಿಸಿದರೆ ಕೇಳುವವರು ಯಾರು?

ಹೊರಗಿನವರಿಗೆ ತೋರಿಸುವಾಗ "ಹೇಗಿದೆ?" ಅಂತ ಕೇಳಬೇಡಿ. ಚೆನ್ನಾಗಿದೆ ಅನ್ನುತ್ತಾರೆ, ಅಷ್ಟೇ. "ಕಥೆ ಏನಾಯ್ತು ಹೇಳಿ" ಅನ್ನಿ. ಅವರು ಎಲ್ಲಿ ತಡವರಿಸುತ್ತಾರೋ ಅಲ್ಲಿ ಕೆಲಸ ಇದೆ. ಪರಿಹಾರ ಅವರಿಂದ ಕೇಳಬೇಡಿ.

ಹೊಟ್ಟೆಪಾಡು, ಮತ್ತು ಎರಡನೆಯದು

ಮೊದಲ ಸ್ಕ್ರಿಪ್ಟಿಗೂ ಮೊದಲ ಚಿತ್ರಕ್ಕೂ ನಡುವೆ ವರ್ಷಗಳೇ ಹೋಗಬಹುದು. ಆ ಹೊತ್ತಿನಲ್ಲಿ ಧಾರಾವಾಹಿಗೆ ಡೈಲಾಗ್ ಬರೆಯಿರಿ, ಜಾಹೀರಾತು ಬರೆಯಿರಿ, ಡಬ್ಬಿಂಗ್ ಸ್ಕ್ರಿಪ್ಟ್ ಮಾಡಿ. ಡಬ್ಬಿಂಗನ್ನು ಕೀಳಾಗಿ ನೋಡುವವರಿದ್ದಾರೆ. ತುಟಿ ಮುಚ್ಚುವ ಕಡೆ ಪ, ಬ, ಮ ಬರುವಂಥ ಪದ ಹುಡುಕಿ, ಅಷ್ಟೇ ಉದ್ದದಲ್ಲಿ ಅದೇ ಅರ್ಥ ಕೂರಿಸಬೇಕು. ಮಾತನ್ನು ಅಳತೆಗೆ ಕತ್ತರಿಸೋದು ಅಲ್ಲಿ ಕಲಿತಷ್ಟು ನಾನು ಇನ್ನೆಲ್ಲೂ ಕಲಿಯಲಿಲ್ಲ. ಒಂದು ಎಚ್ಚರಿಕೆ: ದಿನದ ಮೊದಲ ಒಂದು ಗಂಟೆ ನಿಮ್ಮ ಸ್ವಂತ ಸ್ಕ್ರಿಪ್ಟಿಗೆ ಇರಲಿ, ಸಂಬಳದ ಬರವಣಿಗೆ ಅದರ ನಂತರ. ತಿರುಗಾ ಮುರುಗಾ ಮಾಡಿದರೆ ಸ್ವಂತದ್ದು ನಡೆಯುವುದಿಲ್ಲ.

ಮೊದಲ ಚಿತ್ರ ಡಿಐ (ಬಣ್ಣ ಹೊಂದಿಸುವುದು), ಮಿಕ್ಸಿಂಗ್ (ಸದ್ದುಗಳನ್ನು ಕೂಡಿಸುವುದು) ಅಂತ ಹೋದಾಗ ನಿರ್ದೇಶಕರಿಗೆ ಮಧ್ಯೆ ಮಧ್ಯೆ ಬಿಡುವು ಸಿಗುತ್ತದೆ. ಎರಡನೇ ಸ್ಕ್ರಿಪ್ಟಿನ ಮೊದಲ ಡ್ರಾಫ್ಟ್ ಆಗಲೇ ಮುಗಿಸಿ. ಬಿಡುಗಡೆಯಾದ ವಾರ ಚಿತ್ರ ಓಡಲಿ ಬಿಡಲಿ, ನಾಲ್ಕು ಜನ ಫೋನ್ ಮಾಡಿ "ನೆಕ್ಸ್ಟ್ ಏನು?" ಅಂತ ಕೇಳುತ್ತಾರೆ. ಒಂದು ತಿಂಗಳು ಕಳೆದರೆ ಅವರು ಇನ್ನೊಬ್ಬರಿಗೆ ಫೋನ್ ಮಾಡುತ್ತಿರುತ್ತಾರೆ. ಆ ವಾರದಲ್ಲಿ "ಯೋಚನೆ ಮಾಡ್ತಿದ್ದೀನಿ ಸರ್" ಅನ್ನುವುದರ ಬದಲು "ಸ್ಕ್ರಿಪ್ಟ್ ರೆಡಿ ಇದೆ, ಸಂಜೆಯೊಳಗೆ ಮೇಲ್ ಮಾಡ್ತೀನಿ" ಅನ್ನುವ ಹಾಗಿರಬೇಕು.